ಚಿಕ್ಕ ಪಾತ್ರಗಳ ದೊಡ್ಡ ನಟಿ: ಜೋನ್ ಹಿಕ್ಸನ್

ನಾಟಕವನ್ನಾಗಲಿ ಚಲಚ್ಚಿತ್ರವನ್ನಾಗಲಿ ನೋಡಿ ಮನೆಗೆ ಮರಳುವವರ ಬಾಯಲ್ಲಿ ನಾಯಕ ನಾಯಿಕೆಯರ ಹೆಸರು ನಲಿದಾಡುವುದು ಸಹಜ. ಬಾಗಿಲು ತೆರೆದ ಸೇವಕಿ ಯಾರು, ಬಾಡಿಗೆ ಕೇಳಲು ಬಂದ ಮನೆಯೊಡತಿ ಯಾರು, ರೋಗಿಯನ್ನು ಗದರಿಸಿದ ದಾದಿ ಯಾರು ಎಂದು ವಿಚಾರಿಸುವವರು ಎಷ್ಟು ಮಂದಿ? ಆದರೆ ಆ ಸೇವಕಿಯು ಬಾಗಿಲು ತೆರೆಯದಿದ್ದರೆ ನಾಯಕನು ಒಳಗೆ ಬರುವುದೆಂತು? ಆ ಮನೆಯೊಡತಿಯು ಗದರದಿದ್ದರೆ ಅವನ ಬಡತನವು ನಮಗೆ ತಿಳಿಯುವುದೆಂತು? ಇಂತಹ ಪಾತ್ರಗಳನ್ನು ನಾವು ಪೋಷಕ ಪಾತ್ರಗಳೆಂದು ಕರೆಯುತ್ತೇವೆ. ಪೋಷಿಸುವುದೆಂದರೆ ಸಾಕುವುದು, ಬೆಳೆಸುವುದು. ಹೆಸರೇನೋ ದೊಡ್ಡದು; ಅದಕ್ಕೆ ಸಲ್ಲುವ ಮರ್ಯಾದೆ ಮಾತ್ರ ಬಹಳ ಚಿಕ್ಕದು.

ಇಂತಹ ಪಾತ್ರಗಳಲ್ಲಿಯೇ ಅರ್ಧ ಶತಮಾನಕ್ಕೂ ಮಿಕ್ಕಿ ದುಡಿದ ಬ್ರಿಟಿಷ್ ನಟಿ ಜೋನ್ ಹಿಕ್ಸನ್ ಅವರ ವೃತ್ತಿಜೀವನವನ್ನು, ಆ ದೇಶದ ಚಲಚ್ಚಿತ್ರ ಮತ್ತು ದೂರದರ್ಶನಗಳ ಇತಿಹಾಸದೊಡನೆ ಹೊಂದಿಸಿ ವಿವರಿಸುವುದು ಈ ಲೇಖನದ ಉದ್ದೇಶ. ಅವರಿಗೆ ಮೊದಲ ಸಲ ಒಂದು ಮಾಲಿಕೆಯ ಮುಖ್ಯ ಪಾತ್ರವು ಒದಗಿ, ಜಗತ್ತಿಗೆಲ್ಲ ಅವರ ಹೆಸರು ತಿಳಿದಾಗ ಅವರ ವಯಸ್ಸು 78. ಇದನ್ನು ಹೇಳುವವರು ಸಾಮಾನ್ಯವಾಗಿ, ಪಾಪ, ಅದೃಷ್ಟವು ಬಹಳ ತಡವಾಗಿ ಒಲಿಯಿತು ಎಂದು ಹೇಳಿ ಮುಗಿಸುತ್ತಾರೆ. ಆ ಮಾತು ಅರ್ಧ ನಿಜವೆಂದು ನಮಗೆ ತೋರುತ್ತದೆ. ಉಳಿದರ್ಧವನ್ನು ಮುಂದೆ ಪರಿಶೀಲಿಸೋಣ.

ಜೋನ್ ಹಿಕ್ಸನ್ ಅವರು 1906ರ ಆಗಸ್ಟ್ 5ರಂದು ಇಂಗ್ಲೆಂಡಿನ ನಾರ್ತಾಂಪ್ಟನ್ ನಗರಕ್ಕೆ ಸೇರಿದ ಕಿಂಗ್ಸ್‌ಥಾರ್ಪ್ ಎಂಬಲ್ಲಿ ಜನಿಸಿದರು. ನಾರ್ತಾಂಪ್ಟನ್ ಪಾದರಕ್ಷೆಗಳ ತಯಾರಿಕೆಗೆ ಹೆಸರಾದ ಊರು; ಇವರ ತಂದೆಯೂ ಅದೇ ಉದ್ಯಮದವರು. ಐದು ವರ್ಷದ ಬಾಲೆಯಾಗಿದ್ದಾಗ ನೋಡಿದ ಸಿಂಡರೆಲಾ ಕಥೆಯ ಆಟವೊಂದು ಇವರ ಮನಸ್ಸಿನಲ್ಲಿ ರಂಗಭೂಮಿಯ ಬೀಜವನ್ನು ಬಿತ್ತಿತೆಂದು ಹೇಳುತ್ತಾರೆ. ಶಾಲಾ ವ್ಯಾಸಂಗವನ್ನು ಮುಗಿಸಿ ಲಂಡನ್ನಿನ ರಾಯಲ್ ಅಕಾಡೆಮಿ ಆಫ್ ಡ್ರಮಾಟಿಕ್ ಆರ್ಟ್ ಎಂಬ ಪ್ರಸಿದ್ಧ ನಾಟ್ಯಶಾಲೆಯಲ್ಲಿ ತರಬೇತಿ ಪಡೆದು, 1927ರಲ್ಲಿ ರಂಗವನ್ನೇರಿದರು. 1932ರಲ್ಲಿ ವೈದ್ಯರಾದ ಎರಿಕ್ ಬಟ್ಲರ್ ಅವರನ್ನು ವಿವಾಹವಾದರು. ಒಬ್ಬ ಮಗ, ಒಬ್ಬಳು ಮಗಳು. ಸಂಸಾರವನ್ನೂ ವೃತ್ತಿಯನ್ನೂ ಏಕಕಾಲದಲ್ಲಿ ನಡೆಸಿಕೊಂಡು ಹೋದ ಗೃಹಿಣಿ ಅವರು.

ಅವರು ರಂಗಕ್ಕೆ ಬಂದ ಕಾಲವು ಬ್ರಿಟಿಷ್ ಚಲಚ್ಚಿತ್ರದ ಪಾಲಿಗೆ ಒಂದು ಸಂಧಿಕಾಲ. ಅಮೆರಿಕದ ಚಿತ್ರಗಳು ಬ್ರಿಟನ್ನಿನ ಚಿತ್ರಮಂದಿರಗಳನ್ನೆಲ್ಲ ಆಕ್ರಮಿಸಿಕೊಂಡಿದ್ದುವು. ಇದನ್ನು ತಡೆಯಲು ಅಲ್ಲಿನ ಪಾರ್ಲಿಮೆಂಟು 1927ರಲ್ಲಿ ಒಂದು ಕಾಯಿದೆಯನ್ನು ಮಾಡಿ, ಚಿತ್ರಗಳನ್ನು ಹಂಚುವವರೂ ತೋರಿಸುವವರೂ ನೂರಕ್ಕೆ ಇಷ್ಟೆಂದು ಸ್ವದೇಶೀ ಚಿತ್ರಗಳನ್ನು ಬಳಸಲೇಬೇಕೆಂದು ವಿಧಿಸಿತು. ಆರಂಭದಲ್ಲಿ ಕಡಿಮೆಯಿದ್ದ ಈ ಪ್ರಮಾಣವು ಕ್ರಮೇಣ ನೂರಕ್ಕೆ 20ರವರೆಗೆ ಏರಿತು. ಕಾಯಿದೆಯ ಲೆಕ್ಕವನ್ನು ತುಂಬಿಸುವ ಸಲುವಾಗಿಯೇ ಅಗ್ಗದ ಚಿತ್ರಗಳು ಅವಸರದಲ್ಲಿ ತಯಾರಾಗತೊಡಗಿದುವು. ಚಿತ್ರಪಟ್ಟಿಯ ಒಂದು ಅಡಿಗೆ ಒಂದು ಪೌಂಡು ಎಂಬುದು ಅವುಗಳ ಖರ್ಚಿನ ಲೆಕ್ಕಾಚಾರವಾಗಿತ್ತು. ಅಂತಹ ಚಿತ್ರಗಳಲ್ಲಿ ಬಹಳಷ್ಟು ಇಂದು ಯಾರ ನೆನಪಿನಲ್ಲಿಯೂ ಉಳಿದಿಲ್ಲ. ಆದರೆ ನಟನಟಿಯರ ಪಾಲಿಗೆ ಅವು ಅನ್ನವನ್ನೂ ಅಭ್ಯಾಸವನ್ನೂ ಒದಗಿಸಿದುವು.

ಇದರ ಜೊತೆಗೆ 1929ರಿಂದ ಬ್ರಿಟನ್ನಿನಲ್ಲಿ ವಾಕ್ಚಿತ್ರಗಳು ಬಂದುವು. ಮೂಕಚಿತ್ರಕ್ಕೆ ಮುಖ ಸಾಕಾಗಿತ್ತು. ವಾಕ್ಚಿತ್ರಕ್ಕೆ ನಾಲಗೆಯೂ ಬೇಕಾಯಿತು. ಸ್ಪಷ್ಟವಾಗಿ ಮಾತನಾಡಬಲ್ಲ, ಒಂದೇ ಓದಿಗೆ ಪಾತ್ರವನ್ನು ಹಿಡಿಯಬಲ್ಲ ರಂಗನಟರಿಗೆ ಬೇಡಿಕೆ ಹುಟ್ಟಿತು. ಇಲ್ಲಿ ಭೂಗೋಳವೂ ನೆರವಾಯಿತೆಂಬುದು ಗಮನಿಸತಕ್ಕ ಸಂಗತಿ. ಅಮೆರಿಕದಲ್ಲಿ ನಾಟಕದ ರಾಜಧಾನಿ ನ್ಯೂಯಾರ್ಕ್, ಚಿತ್ರದ ರಾಜಧಾನಿ ಹಾಲಿವುಡ್. ಎರಡಕ್ಕೂ ನಡುವೆ ಒಂದು ಖಂಡವೇ ಅಡ್ಡ. ಬ್ರಿಟನ್ನಿನಲ್ಲಾದರೋ ಎಲ್‌ಸ್ಟ್ರೀ, ಈಲಿಂಗ್, ಡೆನಮ್, ಪೈನ್‌ವುಡ್, ಶೆಪರ್ಟನ್ ಮೊದಲಾದ ಸ್ಟುಡಿಯೋಗಳೆಲ್ಲ ಲಂಡನ್ನಿನ ಆಸುಪಾಸಿನಲ್ಲಿಯೇ ಇದ್ದುವು. ಹಗಲು ಕ್ಯಾಮರಾದ ಮುಂದೆ ಸೇವಕಿಯಾಗಿ ನಿಂತ ನಟಿಯು ರಾತ್ರಿ ಲಂಡನ್ನಿನ ರಂಗದ ಮೇಲೆ ಬೇರೊಂದು ವೇಷದಲ್ಲಿ ನಿಲ್ಲಬಹುದಾಗಿತ್ತು. ನಡುವೆ ಬಾನುಲಿಯ ನಾಟಕಕ್ಕೂ ಹೋಗಿಬರಬಹುದಾಗಿತ್ತು. ಬ್ರಿಟಿಷ್ ಚಿತ್ರಗಳ ಚಿಕ್ಕ ಪಾತ್ರಗಳಲ್ಲಿಯೂ ನುರಿತ ಕೈವಾಡ ಕಾಣುವುದಕ್ಕೆ ಇದೇ ಮುಖ್ಯ ಕಾರಣ.

ಹಿಕ್ಸನ್ ಅವರು ಚಲಚ್ಚಿತ್ರಕ್ಕೆ ಬಂದುದು 1934ರಲ್ಲಿ. ಅಲ್ಲಿಂದಾಚೆಗೆ ಅವರಿಗೆ ದೊರೆತ ಪಾತ್ರಗಳ ಪಟ್ಟಿಯನ್ನು ನೋಡಿದರೆ ಅದು ಒಂದು ಸಮಾಜದ ಚರಿತ್ರೆಯಂತೆಯೇ ಇದೆ. 1931ರ ಜನಗಣತಿಯ ಕಾಲಕ್ಕೆ ಇಂಗ್ಲೆಂಡ್ ಮತ್ತು ವೇಲ್ಸ್‌ಗಳಲ್ಲಿ ಸುಮಾರು 13 ಲಕ್ಷ ಹೆಂಗಸರು ಅನ್ಯರ ಮನೆಗಳಲ್ಲಿ ಚಾಕರಿ ಮಾಡಿ ಬದುಕುತ್ತಿದ್ದರು. ಆದುದರಿಂದ ಆ ದಶಕದ ಚಿತ್ರಗಳಲ್ಲಿ ಸೇವಕಿಯಿಲ್ಲದ ಮನೆಯೇ ಇಲ್ಲ. ಎರಡನೆಯ ಮಹಾಯುದ್ಧದ ನಂತರ ಆ ಚಾಕರಿಯ ಪದ್ಧತಿಯು ಕುಸಿಯಿತು. ಬಾಂಬುಗಳಿಂದ ಮನೆಗಳು ನಾಶವಾಗಿ ವಸತಿಯ ಅಭಾವ ಉಂಟಾಗಿತ್ತು. ಕೋಣೆಗಳನ್ನು ಬಾಡಿಗೆಗೆ ಕೊಡುವ ಮನೆಯೊಡತಿಯು ನಗರಜೀವನದ ಪರಿಚಿತ ವ್ಯಕ್ತಿಯಾದಳು. 1948ರಲ್ಲಿ ಸರ್ವರಿಗೂ ಸರಕಾರಿ ವೈದ್ಯಸೇವೆ ಆರಂಭವಾದ ಬಳಿಕ ಆಸ್ಪತ್ರೆಯ ಸಿಸ್ಟರ್ ಮತ್ತು ಮೇಟ್ರನ್‌ಗಳು ಪ್ರತಿಯೊಬ್ಬ ಪ್ರೇಕ್ಷಕನೂ ಕಂಡು ಹೆದರಿದ ವ್ಯಕ್ತಿಗಳಾದರು. ಹಿಕ್ಸನ್ ಅವರ ಪಾತ್ರಗಳೂ ಇದೇ ಕ್ರಮದಲ್ಲಿ ಸಾಗಿದುವು: ಮೊದಲು ಸೇವಕಿ, ಆಮೇಲೆ ಮನೆಯೊಡತಿ, ಆಮೇಲೆ ಸಿಸ್ಟರ್ ಮತ್ತು ಮೇಟ್ರನ್.

ಇಂತಹ ಪಾತ್ರದ ಕೆಲಸವೇನೆಂಬುದನ್ನು ಇಲ್ಲಿ ಸ್ವಲ್ಪ ವಿವರಿಸಬೇಕು. ಚಿತ್ರದ ಕಥೆಯನ್ನು ಮೊದಲಿನಿಂದ ಕೊನೆಯವರೆಗೆ ಕ್ರಮವಾಗಿ ಚಿತ್ರೀಕರಿಸುವುದಿಲ್ಲ. ನಾಯಕ ನಾಯಿಕೆಯರು ವಾರಗಟ್ಟಲೆ ಸ್ಟುಡಿಯೋದಲ್ಲಿದ್ದು ಪಾತ್ರದಲ್ಲಿ ನಿಧಾನವಾಗಿ ನೆಲೆಸುತ್ತಾರೆ. ಪೋಷಕ ನಟಿಯಾದರೋ ಒಂದು ದಿನಕ್ಕೋ ಮೂರು ದಿನಕ್ಕೋ ಕರೆಬಂದು ಹೋಗುವವಳು. ಅವಳು ಬೆಳಗ್ಗೆ ಸ್ಟುಡಿಯೋಗೆ ಬರುವಾಗಲೇ ಒಬ್ಬ ಪೂರ್ಣ ವ್ಯಕ್ತಿಯನ್ನು ತನ್ನೊಡನೆ ಸಿದ್ಧಪಡಿಸಿಕೊಂಡು ಬರಬೇಕು. ಆ ವ್ಯಕ್ತಿಗೆ ಗತಕಾಲವೊಂದಿದೆ, ಒಲೆಯ ಮೇಲೆ ಏನೋ ಬೇಯುತ್ತಿದೆ, ಯಾರ ಮೇಲೋ ಮುನಿಸಿದೆ ಎಂಬುದೆಲ್ಲ ಎರಡು ನಿಮಿಷಗಳಲ್ಲಿ ಪ್ರೇಕ್ಷಕನಿಗೆ ಹೊಳೆಯಬೇಕು. ಹೀಗೆ ಹೊಳೆಯಿಸಿಯೂ ಅವಳು ತಾನೇ ಮೆರೆಯಕೂಡದು. ಮೆರೆದರೆ ಕಥೆಯ ಹಾದಿ ತಪ್ಪುತ್ತದೆ. ಮಂಕಾದರೆ ಆ ದೃಶ್ಯವೇ ಸಾಯುತ್ತದೆ. ದೂತ, ಬಾಗಿಲ ಭಟ, ಮುದುಕಿ ಎಂಬ ವೇಷಗಳನ್ನೆಲ್ಲ ಒಬ್ಬನೇ ಹಾಸ್ಯಗಾರನು ಒಂದೇ ರಾತ್ರಿಯಲ್ಲಿ ನಿರ್ವಹಿಸುವುದನ್ನು ಯಕ್ಷಗಾನದಲ್ಲಿ ಕಂಡ ನಮ್ಮ ವಾಚಕರಿಗೆ ಈ ಕಷ್ಟವು ಅಪರಿಚಿತವಲ್ಲ.

ಇದಕ್ಕೆ ಒಂದು ಉದಾಹರಣೆ: 1950ರಲ್ಲಿ ಬೌಲ್ಟಿಂಗ್ ಸಹೋದರರು ನಿರ್ಮಿಸಿದ 'ಸೆವೆನ್ ಡೇಸ್ ಟು ನೂನ್' ಎಂಬ ಚಿತ್ರ. ಅಣ್ವಸ್ತ್ರಗಳ ತಯಾರಿಕೆಯಿಂದ ಮನಸ್ಸು ಕದಡಿದ ವಿಜ್ಞಾನಿಯೊಬ್ಬನು ಒಂದು ಬಾಂಬನ್ನು ಚೀಲದಲ್ಲಿರಿಸಿಕೊಂಡು ಕಣ್ಮರೆಯಾಗುತ್ತಾನೆ. ಒಂದು ವಾರದೊಳಗೆ ಸರಕಾರವು ಆ ಅಸ್ತ್ರಗಳ ತಯಾರಿಕೆಯನ್ನು ನಿಲ್ಲಿಸದಿದ್ದರೆ ಲಂಡನ್ ನಗರವನ್ನೇ ಸ್ಫೋಟಿಸುವೆನೆಂದು ಪ್ರಧಾನಮಂತ್ರಿಗೆ ಪತ್ರ ಬರೆಯುತ್ತಾನೆ. ತಲೆಮರೆಸಿಕೊಂಡ ಆತನು ಬಾಡಿಗೆ ಕೋಣೆಯೊಂದನ್ನು ಹಿಡಿಯುತ್ತಾನೆ. ಆ ಮನೆಯೊಡತಿ ಶ್ರೀಮತಿ ಪೆಕೆಟ್ ಎಂಬವಳು ಹಿಕ್ಸನ್ ಅವರ ಪಾತ್ರ. ಬೆಕ್ಕುಗಳ ನಡುವೆ ಬಾಳುವ ಈ ಹೆಂಗಸಿಗೆ ರಾತ್ರಿಯೆಲ್ಲ ಕೋಣೆಯೊಳಗೆ ಹಿಂದಕ್ಕೂ ಮುಂದಕ್ಕೂ ನಡೆದಾಡುವ ಹೆಜ್ಜೆಯ ಸಪ್ಪಳವು ಕೇಳಿಸುತ್ತದೆ. ಮನೆಯೊಡತಿಯರನ್ನು ಕೊಲ್ಲುವ ಘಾತುಕನೊಬ್ಬನ ಸುದ್ದಿ ಆಗ ಪತ್ರಿಕೆಗಳಲ್ಲಿ ಬರುತ್ತಿದ್ದುದರಿಂದ, ಇವನೇ ಅವನಿರಬೇಕೆಂದು ಅವಳು ನಡುಗುತ್ತಾಳೆ.

ಈ ಪಾತ್ರವು ಚಿತ್ರದಲ್ಲಿರುವುದು ಕೆಲವೇ ನಿಮಿಷ. ಆದರೆ ಅದರಿಂದ ಆಗುವ ಕಾರ್ಯವನ್ನು ನೋಡಿರಿ. ಒಂದು ಮಹಾನಗರದ ವಿನಾಶವನ್ನು ಪ್ರೇಕ್ಷಕನು ಊಹಿಸಲಾರ. ಅದು ಮನುಷ್ಯನ ಕಲ್ಪನೆಗೆ ಮೀರಿದ ಭಯ. ಒಬ್ಬ ಹೆಂಗಸು ತನ್ನ ಕೊರಳಿಗಾಗಿ ಹೆದರುವುದನ್ನು ಮಾತ್ರ ಎಲ್ಲರೂ ಬಲ್ಲರು. ಅವಳು ಸಂಶಯಿಸಿದ ಅಪರಾಧವು ಅತ್ಯಲ್ಪ, ನಿಜವಾದ ಅಪಾಯವು ಅಪಾರ. ಈ ಅಂತರವನ್ನು ಪ್ರೇಕ್ಷಕನು ತಾನೇ ಅಳೆದು ತಲ್ಲಣಿಸುತ್ತಾನೆ. ನಟಿಯು ಅಲ್ಲಿ ಹಾಸ್ಯಕ್ಕಾಗಿ ಒಂದಿಷ್ಟು ಹೆಚ್ಚು ಕುಣಿದಿದ್ದರೆ ಭಯವೆಲ್ಲ ನಗೆಯಲ್ಲಿ ಕರಗಿಹೋಗುತ್ತಿತ್ತು. ಆ ಚಿತ್ರದ ಕಥೆಗೆ ಆಸ್ಕರ್ ಪ್ರಶಸ್ತಿ ದೊರೆಯಿತು. ಅಂತಹ ಕಥೆಯ ಭಾರವನ್ನು ಒಂದು ಗಳಿಗೆಯ ಮಟ್ಟಿಗಾದರೂ ಹೊತ್ತವಳು ಈ ಮನೆಯೊಡತಿ.

1950ರ ದಶಕದಲ್ಲಿ ಹಿಕ್ಸನ್ ಅವರಿಗೆ ಬಿಡುವೆಂಬುದೇ ಇರಲಿಲ್ಲ. 1952ರ 'ದಿ ಕಾರ್ಡ್' ಚಿತ್ರದಲ್ಲಿ ಅಲೆಕ್ ಗಿನೆಸ್ ಅವರೊಡನೆ ಬಾಡಿಗೆ ಮನೆಗಳ ಒಡತಿಯಾದ ಶ್ರೀಮತಿ ಕಾಡ್ಲಿನ್. 1954ರಲ್ಲಿ ಅಪಾರ ಜನಪ್ರಿಯತೆ ಗಳಿಸಿದ 'ಡಾಕ್ಟರ್ ಇನ್ ದಿ ಹೌಸ್' ಚಿತ್ರದಲ್ಲಿ ವೈದ್ಯವಿದ್ಯಾರ್ಥಿಗೆ ಕೋಣೆ ಕೊಟ್ಟ ಶ್ರೀಮತಿ ಗ್ರೋಕರ್. 'ಕ್ಯಾರಿ ಆನ್' ಎಂಬ ಹೆಸರಿನ ಹಾಸ್ಯಚಿತ್ರಗಳ ಮಾಲೆಯಲ್ಲಿಯೂ ಅವರು ಐದು ಸಲ ಕಾಣಿಸಿಕೊಂಡರು: 1959ರಲ್ಲಿ ಆಸ್ಪತ್ರೆಯ ಸಿಸ್ಟರ್, 1960ರಲ್ಲಿ ಪೋಲೀಸು ಠಾಣೆಗೆ ಬರುವ ಕುಡುಕಿ, 1961ರಲ್ಲಿ ಮೇಟ್ರನ್, ಮತ್ತೆ 1970 ಹಾಗೂ 1973ರಲ್ಲಿ ಬೇರೆ ಬೇರೆ ವೇಷಗಳು. ಶಿಸ್ತಿನ ಸಿಸ್ಟರ್ ಆಗಿ ಕಂಡವಳೇ ಮರುವರ್ಷ ತೂರಾಡುವ ಕುಡುಕಿಯಾಗಿ ಬಂದರೂ ಪ್ರೇಕ್ಷಕನಿಗೆ ಇಬ್ಬರೂ ಒಬ್ಬಳೇ ಎಂಬ ಸಂದೇಹ ಬರಲಿಲ್ಲವಾದರೆ, ಪೋಷಕ ನಟಿಗೆ ಅದಕ್ಕಿಂತ ದೊಡ್ಡ ಬಿರುದು ಬೇರೊಂದಿಲ್ಲ.

ಈ ಹಾದಿಯಲ್ಲಿ ಅವರು ಒಂಟಿಯಾಗಿರಲಿಲ್ಲ. 1892ರಲ್ಲಿ ಹುಟ್ಟಿದ ಕ್ಯಾಥ್ಲೀನ್ ಹ್ಯಾರಿಸನ್ ಅವರು ದಶಕಗಳ ಕಾಲ ಮನೆಗೆಲಸದವಳ ಪಾತ್ರಗಳನ್ನು ಮಾಡಿ, 1966ರಲ್ಲಿ ಎಪ್ಪತ್ತು ದಾಟಿದ ಮೇಲೆ 'ಮಿಸೆಸ್ ಥರ್ಸ್‌ಡೇ' ಎಂಬ ದೂರದರ್ಶನ ಮಾಲಿಕೆಯ ನಾಯಿಕೆಯಾದರು. ಐರೀನ್ ಹ್ಯಾಂಡ್ಲ್ ಅವರು ರಂಗವನ್ನೇರಿದುದೇ ಮೂವತ್ತೈದರ ಆಚೆಗೆ. ಮೇರಿಯಾನ್ ಸ್ಟೋನ್ ಅವರು 200ಕ್ಕೂ ಹೆಚ್ಚು ಚಿತ್ರಗಳಲ್ಲಿ ನಟಿಸಿದರು. ಆದರೂ ಅವರ ಮುಖವನ್ನು ಗುರುತಿಸುವವರಲ್ಲಿ ಹೆಸರು ಬಲ್ಲವರು ವಿರಳ. ತೋರಾ ಹರ್ಡ್ ಅವರು 1988ರಲ್ಲಿ ಅಲನ್ ಬೆನೆಟ್ ಬರೆದ ಏಕಪಾತ್ರ ನಾಟಕವೊಂದರಲ್ಲಿ ಬಿದ್ದು ಕಾಲು ಮುರಿದುಕೊಂಡ ಒಂಟಿ ಮುದುಕಿಯಾಗಿ ದೂರದರ್ಶನದಲ್ಲಿ ನಟಿಸಿ ಇಡೀ ದೇಶದ ಕಣ್ಣನ್ನು ತೇವಗೊಳಿಸಿದರು. ಇವರೆಲ್ಲರೂ ಒಂದೇ ಗರಡಿಯಲ್ಲಿ ಪಳಗಿದವರು.

ಹರ್ಡ್, ಹ್ಯಾರಿಸನ್‌ರಂತಹವರಿಗೆ ಮುಪ್ಪಿನಲ್ಲಿ ಎಡೆಮಾಡಿಕೊಟ್ಟುದು ದೂರದರ್ಶನವೆಂಬುದನ್ನು ಗಮನಿಸಬೇಕು. ಬ್ರಿಟನ್ನಿನಲ್ಲಿ ಬಿ.ಬಿ.ಸಿ.ಯ ದೂರದರ್ಶನವು 1936ರಲ್ಲಿ ಆರಂಭವಾಗಿ, ಯುದ್ಧಕಾಲದಲ್ಲಿ ನಿಂತು, 1946ರಲ್ಲಿ ಪುನಃ ತೆರೆಯಿತು. 1955ರಲ್ಲಿ ಜಾಹೀರಾತಿನ ಆದಾಯದಿಂದ ನಡೆಯುವ ಎರಡನೆಯ ವಾಹಿನಿಯೂ ಬಂದಿತು. 1946ರಲ್ಲಿ ಬ್ರಿಟಿಷರು ವರ್ಷಕ್ಕೆ 163 ಕೋಟಿಗೂ ಮಿಕ್ಕಿದ ಚಿತ್ರಮಂದಿರದ ಟಿಕೀಟುಗಳನ್ನು ಕೊಂಡಿದ್ದರು. 1960ರ ವೇಳೆಗೆ ಅದು ಸುಮಾರು 50 ಕೋಟಿಗೆ ಇಳಿದಿತ್ತು, ದೂರದರ್ಶನದ ಪರವಾನಗಿ ಪಡೆದ ಮನೆಗಳ ಸಂಖ್ಯೆ ಒಂದು ಕೋಟಿಯನ್ನು ದಾಟಿತ್ತು. ಆರಂಭಕಾಲದ ದೂರದರ್ಶನ ನಾಟಕಗಳನ್ನು ಮುದ್ರಿಸಿಕೊಳ್ಳುವ ಅನುಕೂಲವಿಲ್ಲದೆ ನೇರವಾಗಿ ಪ್ರಸಾರ ಮಾಡುತ್ತಿದ್ದರು. ಭಾನುವಾರ ಆಡಿದ ನಾಟಕವನ್ನು ಗುರುವಾರ ಮತ್ತೊಮ್ಮೆ ಆಡಿಯೇ ತೋರಿಸಬೇಕಾಗಿತ್ತು. ಮಾತು ಮರೆಯದ, ಎದೆಗೆಡದ ರಂಗಕಲಾವಿದರೇ ಅಲ್ಲಿಗೆ ತಕ್ಕವರು. ಹಿಕ್ಸನ್ ಅವರು 1963ರಿಂದ 1966ರವರೆಗೆ 'ಅವರ್ ಮ್ಯಾನ್ ಅಟ್ ಸೇಂಟ್ ಮಾರ್ಕ್ಸ್' ಎಂಬ ಹಾಸ್ಯಮಾಲಿಕೆಯಲ್ಲಿ ಹಳ್ಳಿಯ ಪಾದ್ರಿಯ ಮನೆವಾರ್ತೆ ನೋಡಿಕೊಳ್ಳುವ ಶ್ರೀಮತಿ ಪೀಸ್ ಆಗಿ ವಾರವಾರವೂ ಜನರ ಮನೆಯೊಳಗೆ ಬಂದರು. ಚಿತ್ರಮಂದಿರದಲ್ಲಿ ಎರಡು ನಿಮಿಷದ ಅತಿಥಿಯಾಗಿದ್ದವರು ಮನೆಯವರೇ ಆಗಿಬಿಟ್ಟರು.

ರಂಗಭೂಮಿಯನ್ನು ಅವರು ಎಂದೂ ತೊರೆಯಲಿಲ್ಲ. 1967ರಲ್ಲಿ ಪೀಟರ್ ನಿಕೋಲ್ಸ್ ಬರೆದ 'ಎ ಡೇ ಇನ್ ದಿ ಡೆತ್ ಆಫ್ ಜೋ ಎಗ್' ಎಂಬ ನಾಟಕವು ಲಂಡನ್ನಿನಲ್ಲಿ ಪ್ರದರ್ಶಿತವಾಯಿತು. ಮಾತಿಲ್ಲದ, ನಡೆಯಲಾರದ ಮಗಳನ್ನು ಸಾಕುವ ತಂದೆತಾಯಿಗಳ ಕಥೆಯದು. ಅದರಲ್ಲಿ ಆ ಮಗುವಿನ ಅಜ್ಜಿಯ ಪಾತ್ರ ಹಿಕ್ಸನ್ ಅವರದು. ಪ್ರೀತಿಯಿಂದಲೇ ಮಾತನಾಡುತ್ತ, ತಾನು ಎಲ್ಲಿ ಇರಿಯುತ್ತಿದ್ದೇನೆಂಬುದರ ಅರಿವಿಲ್ಲದೆ ಮಗಸೊಸೆಯರ ನೋವನ್ನು ಕೆದಕುವ ಸಾಮಾನ್ಯ ಮುದುಕಿಯವಳು. ಅದೇ ವರ್ಷ ಹಿಕ್ಸನ್ ಅವರ ಪತಿ ತೀರಿಕೊಂಡರು. ಮರುವರ್ಷ ನ್ಯೂಯಾರ್ಕಿನ ರಂಗದ ಮೇಲೂ, 1972ರಲ್ಲಿ ಚಿತ್ರದಲ್ಲಿಯೂ ಅವರು ಅದೇ ಪಾತ್ರವನ್ನು ನಿರ್ವಹಿಸಿದರು.

1977ರಲ್ಲಿ ಲಂಡನ್ನಿನ ನ್ಯಾಷನಲ್ ಥಿಯೇಟರಿನಲ್ಲಿ ಅಲನ್ ಏಕ್‌ಬರ್ನ್ ಅವರ 'ಬೆಡ್‌ರೂಮ್ ಫಾರ್ಸ್' ನಾಟಕ. ರಂಗದ ಮೇಲೆ ಏಕಕಾಲಕ್ಕೆ ಮೂರು ಮಲಗುವ ಕೋಣೆಗಳು, ನಾಲ್ಕು ದಂಪತಿಗಳು, ಒಂದು ರಾತ್ರಿ. ಕಿರಿಯರೆಲ್ಲ ಜಗಳ ಕಣ್ಣೀರುಗಳಲ್ಲಿ ಮುಳುಗಿರುವಾಗ, ವಿವಾಹದ ವಾರ್ಷಿಕೋತ್ಸವದ ಊಟ ಕೆಟ್ಟುಹೋದ ವೃದ್ಧ ದಂಪತಿಗಳು ಹಾಸಿಗೆಯ ಮೇಲೆ ಕುಳಿತು ಸುಟ್ಟ ರೊಟ್ಟಿಯನ್ನೂ ಮೀನನ್ನೂ ತಿನ್ನುತ್ತಾರೆ. ಆ ವೃದ್ಧೆ ಡೀಲಿಯಾ ಹಿಕ್ಸನ್ ಅವರ ಪಾತ್ರ. ಈ ನಾಟಕವು ನ್ಯೂಯಾರ್ಕಿಗೆ ಹೋದಾಗ 1979ರ ಟೋನಿ ಪ್ರಶಸ್ತಿ ಅವರಿಗೆ ದೊರೆಯಿತು. ಅದು ನಾಯಿಕೆಗೆ ಸಲ್ಲುವ ಪ್ರಶಸ್ತಿಯಲ್ಲ. ಪೋಷಕ ಪಾತ್ರಕ್ಕೆಂದೇ ಇರುವ ಪ್ರಶಸ್ತಿ. ಅಂದರೆ, ಜಗತ್ಪ್ರಸಿದ್ಧಿ ಬರುವ ಐದು ವರ್ಷ ಮೊದಲೇ, ಅವರು ತಾವಿದ್ದ ಸ್ಥಾನದಲ್ಲಿಯೇ ಶಿಖರವನ್ನು ಮುಟ್ಟಿದ್ದರು.

ಇನ್ನು ಆ ಪ್ರಸಿದ್ಧಿಯ ವಿಷಯಕ್ಕೆ ಬರೋಣ. ಅಗಾಥಾ ಕ್ರಿಸ್ಟಿ ಅವರ ಪತ್ತೇದಾರಿ ಕಥೆಗಳನ್ನು ಬಲ್ಲವರಿಗೆ ಮಿಸ್ ಮಾರ್ಪಲ್ ಗೊತ್ತು. ಸೇಂಟ್ ಮೇರಿ ಮೀಡ್ ಎಂಬ ಕಲ್ಪಿತ ಹಳ್ಳಿಯಲ್ಲಿ ವಾಸಿಸುವ ಅವಿವಾಹಿತ ವೃದ್ಧೆ. ಮೂಲೆಯಲ್ಲಿ ಕುಳಿತು ಉಣ್ಣೆಯ ಬಟ್ಟೆ ಹೆಣೆಯುತ್ತಿರುತ್ತಾಳೆ. ಅವಳ ಎದುರಿಗೆ ಜನರು ಎಚ್ಚರಿಕೆಯಿಲ್ಲದೆ ಮಾತನಾಡುತ್ತಾರೆ. ಏಕೆಂದರೆ ಮುದುಕಿಯನ್ನು ಯಾರೂ ಲೆಕ್ಕಕ್ಕೆ ತೆಗೆದುಕೊಳ್ಳುವುದಿಲ್ಲ. ತನ್ನ ಹಳ್ಳಿಯಲ್ಲಿ ಕಂಡ ಮನುಷ್ಯಸ್ವಭಾವಗಳೊಡನೆ ಹೋಲಿಸಿ ನೋಡಿ ಅವಳು ಕೊಲೆಗಾರನನ್ನು ಕಂಡುಹಿಡಿಯುತ್ತಾಳೆ. 1930ರಿಂದ 1976ರವರೆಗೆ ಪ್ರಕಟವಾದ 12 ಕಾದಂಬರಿಗಳಲ್ಲಿ ಅವಳ ಕಥೆಯಿದೆ.

ಕ್ರಿಸ್ಟಿಯವರ ಕೃತಿಗಳೊಡನೆ ಹಿಕ್ಸನ್ ಅವರ ನಂಟು ಬಹಳ ಹಳೆಯದು. 1937ರ 'ಲವ್ ಫ್ರಮ್ ಎ ಸ್ಟ್ರೇಂಜರ್' ಎಂಬ ಚಿತ್ರವು ಕ್ರಿಸ್ಟಿಯವರ ಸಣ್ಣಕಥೆಯನ್ನು ಆಧರಿಸಿದುದು. ಅದರಲ್ಲಿ ಇವರು ಮನೆಯ ಸೇವಕಿ. 1945ರಲ್ಲಿ ಕ್ರಿಸ್ಟಿಯವರ 'ಅಪಾಯಿಂಟ್‌ಮೆಂಟ್ ವಿತ್ ಡೆತ್' ನಾಟಕವು ಲಂಡನ್ನಿನಲ್ಲಿ ಪ್ರದರ್ಶಿತವಾದಾಗ ಇವರು ಮಿಸ್ ಪ್ರೈಸ್ ಎಂಬ ಚಿಕ್ಕ ಪಾತ್ರದಲ್ಲಿದ್ದರು. ಇವರ ಅಭಿನಯವನ್ನು ಕಂಡ ಲೇಖಕಿಯು, ಮುಂದೊಂದು ದಿನ ತಮ್ಮ ಪ್ರೀತಿಯ ಮಿಸ್ ಮಾರ್ಪಲ್‌ಳ ಪಾತ್ರವನ್ನು ನೀವು ಮಾಡುವಿರೆಂದು ಹಾರೈಸುತ್ತೇನೆ ಎಂಬ ಅರ್ಥದ ಚೀಟಿಯೊಂದನ್ನು ಕಳುಹಿಸಿದರು. ಆಗ ಹಿಕ್ಸನ್ ಅವರಿಗೆ ನಾಲ್ವತ್ತೂ ತುಂಬಿರಲಿಲ್ಲ. ಆ ಹಾರೈಕೆ ಫಲಿಸಲು ಸುಮಾರು ನಾಲ್ವತ್ತು ವರ್ಷ ಬೇಕಾಯಿತು. ಅದನ್ನು ನೋಡಲು ಲೇಖಕಿಯು ಬದುಕಿರಲಿಲ್ಲ. ಅವರು 1976ರಲ್ಲಿಯೇ ನಿಧನರಾಗಿದ್ದರು.

ಈ ನಡುವೆ ಆ ಪಾತ್ರವು ತಾರೆಯರ ಕೈಯಿಂದ ಕೈಗೆ ಹೋಗುತ್ತಿತ್ತು. 1956ರಲ್ಲಿ ಅಮೆರಿಕದ ದೂರದರ್ಶನದಲ್ಲಿ ಪ್ರಸಿದ್ಧ ಗಾಯಕಿ ಗ್ರೇಸಿ ಫೀಲ್ಡ್ಸ್, 1961ರಿಂದ ನಾಲ್ಕು ಚಿತ್ರಗಳಲ್ಲಿ ಮಾರ್ಗರೆಟ್ ರುದರ್‌ಫರ್ಡ್, 1980ರಲ್ಲಿ ಆಂಜೆಲಾ ಲ್ಯಾನ್ಸ್‌ಬರಿ, 1983ರಲ್ಲಿ ಹೆಲೆನ್ ಹೇಯ್ಸ್. ಎಲ್ಲರೂ ದೊಡ್ಡ ಕಲಾವಿದೆಯರೇ. ಮುಖ್ಯವಾಗಿ ರುದರ್‌ಫರ್ಡ್ ಅವರ ಮಾರ್ಪಲ್ ಬಹು ಲವಲವಿಕೆಯ, ಕೋಣೆಯೊಳಗೆ ಬಂದ ಕೂಡಲೇ ಕೋಣೆಯನ್ನೆಲ್ಲ ತುಂಬಿಬಿಡುವ ವ್ಯಕ್ತಿ. ನೋಡಲು ಆನಂದ. ಆದರೆ ಕೋಣೆಯನ್ನೆಲ್ಲ ತುಂಬುವವಳನ್ನು ಕೊಲೆಗಾರನು ಗಮನಿಸದೆ ಇರುವುದೆಂತು? ಗಮನಕ್ಕೆ ಬೀಳದಿರುವುದೇ ಅಲ್ಲವೆ ಮಾರ್ಪಲ್‌ಳ ಆಯುಧ?

1984ರ ಡಿಸೆಂಬರ್ 26ರಂದು ಬಿ.ಬಿ.ಸಿ.ಯು 'ದಿ ಬಾಡಿ ಇನ್ ದಿ ಲೈಬ್ರರಿ'ಯ ಮೊದಲ ಭಾಗವನ್ನು ಪ್ರಸಾರ ಮಾಡಿತು. ಬ್ರಿಟನ್ನಿನ ಚಿತ್ರಮಂದಿರಗಳ ಪಾಲಿಗೆ ಅದು ಅತ್ಯಂತ ಇಳಿಗಾಲದ ವರ್ಷ. ಆ ಇಡೀ ವರ್ಷದಲ್ಲಿ ಮಾರಾಟವಾದ ಟಿಕೀಟುಗಳು ಕೇವಲ 5 ಕೋಟಿ 40 ಲಕ್ಷ. ಚಲಚ್ಚಿತ್ರವು ಬೆಳೆಸಿದ ಪೋಷಕ ನಟಿಯನ್ನು ದೂರದರ್ಶನವು ನಾಯಿಕೆಯನ್ನಾಗಿ ಮಾಡಿದ್ದು ಆ ವರ್ಷದಲ್ಲಿ. ಹ್ಯಾಂಪ್‌ಷೈರಿನ ನೆದರ್ ವಾಲಪ್ ಎಂಬ ಹಳ್ಳಿಯು ಸೇಂಟ್ ಮೇರಿ ಮೀಡ್ ಆಗಿ ಚಿತ್ರಿತವಾಯಿತು. ಅಲ್ಲಿಂದ 1992ರ ಡಿಸೆಂಬರಿನವರೆಗೆ 12 ಕಾದಂಬರಿಗಳೂ ಒಂದೊಂದಾಗಿ ಬಂದುವು. ಎಲ್ಲದರಲ್ಲಿಯೂ ಹಿಕ್ಸನ್ ಅವರೇ ಮಾರ್ಪಲ್. ಕೊನೆಯದು ಪ್ರಸಾರವಾದಾಗ ಅವರಿಗೆ 86 ವರ್ಷ. 1987ರಲ್ಲಿ ರಾಣಿಯವರಿಂದ ಆರ್ಡರ್ ಆಫ್ ದಿ ಬ್ರಿಟಿಷ್ ಎಂಪಾಯರ್ ಎಂಬ ಗೌರವವೂ ಅವರಿಗೆ ಸಂದಿತು.

ಅವರ ಮಾರ್ಪಲ್ ಏನು ಮಾಡುತ್ತಾಳೆ? ಹೆಚ್ಚಿನ ವೇಳೆ ಏನೂ ಮಾಡುವುದಿಲ್ಲ. ಕುಳಿತುಕೊಳ್ಳುತ್ತಾಳೆ, ಕೇಳುತ್ತಾಳೆ. ಪೋಲೀಸು ಅಧಿಕಾರಿ ಸ್ಲ್ಯಾಕ್‌ನು ಅವಳನ್ನು ಒಂದು ಪೀಡೆಯೆಂದು ಬಗೆದು ಮುಖ ಸಿಂಡರಿಸಿದರೆ, ಅವಳು ವಿನಯದಿಂದ ಹಿಂದಕ್ಕೆ ಸರಿಯುತ್ತಾಳೆ. ಇತರ ಪಾತ್ರಗಳು ಮಾತನಾಡುವಾಗ ಕ್ಯಾಮರಾ ಅವಳ ಕಡೆಗೆ ತಿರುಗಿದರೆ, ಆ ತಿಳಿನೀಲಿ ಕಣ್ಣುಗಳಲ್ಲಿ ಒಂದು ವಿಚಾರವು ಹುಟ್ಟಿದುದು ಮಾತ್ರ ಕಾಣಿಸುತ್ತದೆ. ಇದು ಒಮ್ಮಿಂದೊಮ್ಮೆಗೆ ಬರುವ ವಿದ್ಯೆಯಲ್ಲ. ಅನ್ಯರು ಮಾತನಾಡುತ್ತಿರುವಾಗ ಹಿನ್ನೆಲೆಯಲ್ಲಿ ಚಹದ ತಟ್ಟೆಯನ್ನು ಹಿಡಿದು ನಿಂತು, ಕಣ್ಣು ಸೆಳೆಯದೆಯೂ ಜೀವಂತವಾಗಿರುವುದನ್ನು ಐವತ್ತು ವರ್ಷ ಅಭ್ಯಾಸ ಮಾಡಿದವರಿಗೆ ಒಲಿಯುವ ವಿದ್ಯೆ. ಯಾರೂ ಲಕ್ಷ್ಯಕ್ಕೆ ತೆಗೆದುಕೊಳ್ಳದ ಹೆಂಗಸರ ಪಾತ್ರಗಳನ್ನೇ ಮಾಡುತ್ತ ಬಂದವರಿಗೆ, ಆ ಅಲಕ್ಷ್ಯವನ್ನೇ ಬಲವಾಗಿಸಿಕೊಂಡ ಹೆಂಗಸಿನ ಪಾತ್ರ ದೊರೆಯಿತು. ಅದಕ್ಕಾಗಿ ಹಿಕ್ಸನ್ ಅವರು ಹೊಸದೇನನ್ನೂ ಕಲಿಯಬೇಕಾಗಿರಲಿಲ್ಲ. ಹಳೆಯದೇನನ್ನೂ ಮರೆಯಬೇಕಾಗಿಯೂ ಇರಲಿಲ್ಲ.

ಇದಕ್ಕೆ ಸಾಕ್ಷಿಯಾಗಿ ಒಂದೇ ಕಥೆಯ ಎರಡು ರೂಪಗಳನ್ನು ನೋಡಬಹುದು. '4.50 ಫ್ರಮ್ ಪ್ಯಾಡಿಂಗ್ಟನ್' ಎಂಬ ಕಾದಂಬರಿಯಲ್ಲಿ, ಜೊತೆಜೊತೆಗೆ ಓಡುತ್ತಿರುವ ಎರಡು ರೈಲುಗಳಲ್ಲಿ ಒಂದರಿಂದ ಇನ್ನೊಂದರೊಳಗೆ ನಡೆದ ಕೊಲೆಯು ಕಾಣಿಸುತ್ತದೆ. 1961ರಲ್ಲಿ ಇದು 'ಮರ್ಡರ್ ಶಿ ಸೆಡ್' ಎಂಬ ಚಿತ್ರವಾದಾಗ ರುದರ್‌ಫರ್ಡ್ ಮಾರ್ಪಲ್ ಆಗಿದ್ದರು. ಸಂದೇಹಕ್ಕೊಳಗಾದ ಮನೆಯಲ್ಲಿ ಮನೆಗೆಲಸ ಮಾಡುವ ಶ್ರೀಮತಿ ಕಿಡರ್ ಆಗಿ ಹಿಕ್ಸನ್ ಇದ್ದರು. 1987ರ ಕ್ರಿಸ್‌ಮಸ್ ದಿನದಂದು ಬಿ.ಬಿ.ಸಿ.ಯಲ್ಲಿ ಅದೇ ಕಥೆ ಬಂದಾಗ ಹಿಕ್ಸನ್ ಅವರೇ ಮಾರ್ಪಲ್. ಅಡಿಗೆಮನೆಯಿಂದ ಹಜಾರಕ್ಕೆ ಬರಲು 26 ವರ್ಷ ಹಿಡಿದುವು. ಎರಡನ್ನೂ ನೋಡಿದವರು ಎರಡರಲ್ಲಿಯೂ ಅದೇ ಮಿತವ್ಯಯವನ್ನು, ಅದೇ ಎಚ್ಚರವನ್ನು ಕಾಣಬಹುದು.

ಇಷ್ಟೆಲ್ಲ ಹೇಳಿದ ಮೇಲೂ ಅದೃಷ್ಟದ ಮಾತಿನಲ್ಲಿರುವ ಅರ್ಧ ಸತ್ಯವನ್ನು ಮರೆಮಾಚಲಾಗದು. ನಾಲ್ವತ್ತು ದಾಟಿದ ನಟಿಗೆ ಸೇವಕಿ, ಅತ್ತೆ, ಮನೆಯೊಡತಿ ಎಂಬ ಪಾತ್ರಗಳಲ್ಲದೆ ಬೇರೇನನ್ನೂ ಬರೆಯದ ಒಂದು ಉದ್ಯಮವು ಆ ಹೆಂಗಸರಿಗೆ ನ್ಯಾಯವನ್ನು ಮಾಡಿತೆಂದು ನಾವು ಹೇಳಲಾರೆವು. ಒಂದು ವೇಳೆ 1984ರಲ್ಲಿ ಆ ಕರೆ ಬಾರದಿದ್ದರೆ, ಅಥವಾ ಬಂದಾಗ ಹಿಕ್ಸನ್ ಅವರ ಆರೋಗ್ಯವು ಕೈಕೊಟ್ಟಿದ್ದರೆ, ಇಂದು ಈ ಹೆಸರನ್ನು ಎಷ್ಟು ಮಂದಿ ಬಲ್ಲವರಾಗಿರುತ್ತಿದ್ದರು? ಕರೆ ಬಾರದೆಯೇ ಹೋದವರ ಸಂಖ್ಯೆ ದೊಡ್ಡದು. ಆದರೆ ಅವರ ಕೆಲಸವು ಅದರಿಂದ ಕೀಳಾಯಿತೆ ಎಂಬುದು ಪ್ರಶ್ನೆ. ಮಾರ್ಪಲ್ ಪಾತ್ರವು ದೊರೆಯದಿದ್ದರೂ ಶ್ರೀಮತಿ ಪೆಕೆಟ್‌ಳ ಭಯವು ಅಷ್ಟೇ ನಿಜವಾಗಿ ಉಳಿಯುತ್ತಿತ್ತು.

ಶಾಲಾ ವಾರ್ಷಿಕೋತ್ಸವದ ನಾಟಕಕ್ಕೆ ಪಾತ್ರಗಳನ್ನು ಹಂಚುವ ದಿನದ ಸಂಕಟವನ್ನು ಎಲ್ಲ ಶಾಲೆಗಳ ಉಪಾಧ್ಯಾಯರೂ ಬಲ್ಲರು. ರಾಜನಾಗಲು ಹತ್ತು ಮಂದಿ ಮುಂದೆ ಬರುತ್ತಾರೆ. ದೂತನ ಪಾತ್ರ ಬಂದವನು ಮುಖ ಬಾಡಿಸಿ ಮನೆಗೆ ಹೋಗುತ್ತಾನೆ. ಅವನಿಗೆ ನಾಳೆ ರಾಜನ ಪಾತ್ರ ದೊರೆಯುವುದೆಂದು ಆಸೆ ತೋರಿಸಿ ಸಮಾಧಾನಪಡಿಸುವುದು ಸುಲಭ. ಆದರೆ ಅದು ಸುಳ್ಳಾಗಬಹುದು. ದೂತನು ತಂದ ಸುದ್ದಿಯನ್ನು ನಂಬುವಂತೆ ಹೇಳದಿದ್ದರೆ ರಾಜನ ಶೋಕವು ನಿಲ್ಲಲು ನೆಲೆಯೇ ಇರುವುದಿಲ್ಲವೆಂದು ತಿಳಿಸಿ, ಆ ನಾಲ್ಕು ಮಾತುಗಳನ್ನು ಹೇಳುವ ಬಗೆಯನ್ನು ಕಲಿಸುವುದು ಕಷ್ಟ. ಆದರೆ ಅದು ನಿಜ.

ಹಿಕ್ಸನ್ ಅವರು 1958ರಿಂದ ಎಸೆಕ್ಸ್ ಪ್ರಾಂತದ ವಿವೆನ್‌ಹೋ ಎಂಬ ಊರಿನಲ್ಲಿ ನೆಲೆಸಿದ್ದರು. 1993ರಲ್ಲಿ 'ಸೆಂಚುರಿ' ಎಂಬ ಚಿತ್ರದಲ್ಲಿ ಕಾಣಿಸಿಕೊಂಡರು. ಕ್ರಿಸ್ಟಿಯವರ ಕಾದಂಬರಿಗಳನ್ನು ಧ್ವನಿಮುದ್ರಣಕ್ಕಾಗಿ ಓದಿದುದೂ ಉಂಟು. 1998ರ ಅಕ್ಟೋಬರ್ 17ರಂದು ಕೋಲ್‌ಚೆಸ್ಟರಿನಲ್ಲಿ, ತಮ್ಮ 92ನೆಯ ವಯಸ್ಸಿನಲ್ಲಿ ಅವರು ನಿಧನರಾದರು. ಜನರು ಅವರನ್ನು ಇಂದು ನೆನೆಯುವುದು ಎಂಟು ವರ್ಷಗಳ ಮಾರ್ಪಲ್‌ಗಾಗಿ. ನ್ಯಾಯವೇ ಸರಿ. ಆದರೆ ಆ ಎಂಟು ವರ್ಷಗಳು ಫಲವಾದರೆ, ಅದರ ಹಿಂದಿನ 57 ವರ್ಷಗಳು ಮರ. ಹಣ್ಣನ್ನು ಮೆಚ್ಚಿದವರು ಮರವನ್ನೂ ಒಮ್ಮೆ ತಲೆಯೆತ್ತಿ ನೋಡಲಿ ಎಂಬುದಷ್ಟೇ ನಮ್ಮ ಬಿನ್ನಹ.